ಕಾಲರಸ: ಒಂದು ಹನಿಗೆ ಒಂದು ವರ್ಷ

[ದೃಶ್ಯ: ಮೇಜಿನ ಮೇಲೆ ಎರಡು ಗಾಜಿನ ಭರಣಿಗಳು. ಒಂದರಲ್ಲಿ ಕಡುಗಂದು ರಸ, ಇನ್ನೊಂದರಲ್ಲಿ ಆಗಷ್ಟೇ ಕಲಸಿದ ತಿಳಿಬಣ್ಣದ ಸೋಯಾ ಹಿಟ್ಟು.]

ಎಡಗಡೆಯ ಭರಣಿಯಲ್ಲಿ ಇರುವುದು ಕಾಲರಸ. ಹುಡುಕಲು ಹೋಗಬೇಡಿ, ಎಲ್ಲಿಯೂ ಸಿಗುವುದಿಲ್ಲ. ಇದು ನಾನು ಹೊಸೆದ ಕಲ್ಪನೆ. ಹುದುಗಿಸಿ ಮಾಡಿದ, ನಂಜಿಕೊಳ್ಳುವ ರಸ. ಇದಕ್ಕಿರುವುದು ಒಂದೇ ಗುಣ: ಒಂದು ಹನಿ ಯಾವ ಭರಣಿಗೆ ಬೀಳುತ್ತದೆಯೋ ಅದರೊಳಗೆ ಒಂದೇ ನಿಮಿಷದಲ್ಲಿ ಒಂದು ವರ್ಷ ಕಳೆದುಹೋಗುತ್ತದೆ. ಹೊರಗೆ ನಿಂತ ನಮಗೆ ಒಂದು ಕೂದಲೂ ನರೆಯುವುದಿಲ್ಲ.

ಕಾಲವನ್ನು ಕೆಣಕಲು ಯಂತ್ರ ಬಿಟ್ಟು ರಸವೇ ಏಕೆ? ಹುದುಗಿದ ರಸಗಳಿಗೆ ಈ ಚಟ ಮೊದಲಿನಿಂದಲೂ ಇದೆ, ಅದಕ್ಕೆ.

[ದೃಶ್ಯ: ಹಳೆಯ ರೋಮನ್ ಊರು ಪೊಂಪೇಯಿಯ ಅವಶೇಷಗಳು. ನೆಲದಲ್ಲಿ ಹೂತ ಮಣ್ಣಿನ ಹಂಡೆಗಳು.]

ರೋಮನ್ನರಿಗೆ ಗಾರಮ್ ಎಂಬ ರಸವಿತ್ತು. ಮೀನು ಮತ್ತು ಅದರ ಕರುಳನ್ನು ಉಪ್ಪಿನೊಡನೆ ಬಿಸಿಲಿಗೆ ಇಟ್ಟರೆ, ಕರುಳಿನ ಕಿಣ್ವಗಳೇ ಮೀನನ್ನು ಕರಗಿಸಿ ರಸವಾಗಿಸುತ್ತಿದ್ದವು. ಕ್ರಿ.ಶ. 79ರಲ್ಲಿ ವೆಸೂವಿಯಸ್ ಜ್ವಾಲಾಮುಖಿ ಸಿಡಿದಾಗ ಪೊಂಪೇಯಿಯ ಒಂದು ಗಾರಮ್ ಅಂಗಡಿ ಹಂಡೆಗಳ ಸಮೇತ ಬೂದಿಯಡಿ ಹೋಯಿತು. ಆ ಹಂಡೆಗಳ ತಳದಲ್ಲಿ ಸಿಕ್ಕಿದ್ದು ಬೋಗ್ ಎಂಬ ಸಣ್ಣ ಮೀನಿನ ಮೂಳೆಗಳು. ಅದು ಬೇಸಿಗೆಯಲ್ಲಿ ಹೇರಳವಾಗಿ ಸಿಗುವ ಮೀನು. ಹಾಗಾಗಿ ಸ್ಫೋಟ ನಡೆದದ್ದು ಆಗಸ್ಟ್‌ನಲ್ಲಿಯೇ ಎಂಬ ಹಳೆಯ ನಂಬಿಕೆಗೆ ಒಂದು ರಸ ಸಾಕ್ಷಿ ಹೇಳಿತು. ಆದರೆ 2018ರಲ್ಲಿ ಅದೇ ಊರಿನ ಗೋಡೆಯೊಂದರಲ್ಲಿ, ಬೇಗ ಅಳಿಸಿಹೋಗುವ ಇದ್ದಿಲಿನಿಂದ ಗೀಚಿದ ಬರಹ ಸಿಕ್ಕಿತು. ಅದರಲ್ಲಿದ್ದ ದಿನಾಂಕ ಅಕ್ಟೋಬರ್ 17. ಹಂಡೆ ಆಗಸ್ಟ್ ಎನ್ನುತ್ತದೆ, ಗೋಡೆ ಅಕ್ಟೋಬರ್ ಎನ್ನುತ್ತದೆ. ಎರಡು ಸಾವಿರ ವರ್ಷ ಹಳೆಯ ರಸವೊಂದು ಪಂಚಾಂಗದ ಜೊತೆ ಜಗಳಕ್ಕೆ ನಿಂತಿರುವುದು ನನಗಂತೂ ಬಹಳ ಇಷ್ಟ.

[ದೃಶ್ಯ: ಸಾಲಾಗಿ ಜೋಡಿಸಿದ ಮರದ ಪೀಪಾಯಿಗಳು, ಒಂದಕ್ಕಿಂತ ಒಂದು ಚಿಕ್ಕದು.]

ಇಟಲಿಯ ಮೊದೇನಾದಲ್ಲಿ ಮಾಡುವ ಸಾಂಪ್ರದಾಯಿಕ ಬಾಲ್ಸಾಮಿಕ್ ವಿನೆಗರ್ ಕನಿಷ್ಠ 12 ವರ್ಷ ಪೀಪಾಯಿಗಳಲ್ಲಿ ಕಳೆಯಬೇಕು. ವರ್ಷಕ್ಕೊಮ್ಮೆ ದೊಡ್ಡ ಪೀಪಾಯಿಯಿಂದ ಚಿಕ್ಕದಕ್ಕೆ ಒಂದಿಷ್ಟು ಸುರಿಯುತ್ತಾ ಹೋಗುವುದರಿಂದ, ಕೊನೆಯ ಪೀಪಾಯಿಯ ಒಂದು ಚಮಚದಲ್ಲಿ ಹಲವು ವರ್ಷಗಳು ಕಲಸಿಕೊಂಡಿರುತ್ತವೆ. ಅದಕ್ಕೆ ಇಂಥದ್ದೇ ಎಂಬ ಒಂದು ವಯಸ್ಸಿಲ್ಲ.

ಸರಿ, ಇವೆಲ್ಲ ಕಾಲವನ್ನು ಕೂಡಿಡುವ ಕಥೆಗಳು. ಓಡಿಸುವುದು ಹೇಗೆ? ಮನೆಯಲ್ಲಿ ನಾವು ಮಾಡುವ ಉಪಾಯ ಹೆಪ್ಪು. ಹಳೆಯದರ ಒಂದು ಚಮಚವನ್ನು ಹೊಸದಕ್ಕೆ ಬೆರೆಸುತ್ತೇವೆ. ಒಂದು ಬ್ಯಾಕ್ಟೀರಿಯಾದಿಂದ ಆರಂಭಿಸುವ ಬದಲು ಸಾವಿರದಿಂದ ಆರಂಭಿಸಿದಿರಿ ಎಂದುಕೊಳ್ಳಿ. ಒಂದು ಎರಡಾಗಿ, ಎರಡು ನಾಲ್ಕಾಗಿ ಸಾವಿರ ಮುಟ್ಟಲು ಹತ್ತು ಸಲ ದುಪ್ಪಟ್ಟಾಗಬೇಕು. ದುಪ್ಪಟ್ಟಾಗಲು ಗಂಟೆ ಹಿಡಿದರೆ ಹತ್ತು ಗಂಟೆ ಉಳಿಯಿತು. ಆದರೆ ಹೆಪ್ಪು ತಂದದ್ದು ಕಾಲವನ್ನಲ್ಲ, ಜನಸಂಖ್ಯೆಯನ್ನು. ರುಚಿ ಮಾಗಲು ಬೇಕಾದ ತಿಂಗಳುಗಳನ್ನು ಅದು ತರಲಾರದು.

[ದೃಶ್ಯ: ಬಲಗಡೆಯ ಭರಣಿಯ ಸಮೀಪ ನೋಟ. ಕಲಸಿದ ಹಿಟ್ಟಿನಲ್ಲಿ ಸಣ್ಣ ಗುಳ್ಳೆಗಳು.]

ಸೋಯಾ ಸಾಸ್ ನೋಡಿ. ಕೋಜಿ ಎಂಬ ಬೂಷ್ಟಿನ ಕಿಣ್ವಗಳು ಪ್ರೋಟೀನನ್ನು ಒಡೆದು ಅಮೈನೋ ಆಮ್ಲಗಳನ್ನಾಗಿ ಮಾಡುತ್ತವೆ. ನಾಲಿಗೆಗೆ ಹತ್ತುವ ಆ ಗಾಢ ರುಚಿ ಅದರಿಂದ. ಬ್ಯಾಕ್ಟೀರಿಯಾಗಳು ಹುಳಿ ಕೊಡುತ್ತವೆ, ಯೀಸ್ಟ್ ಪರಿಮಳ ಕೊಡುತ್ತದೆ. ಸಕ್ಕರೆಯೂ ಅಮೈನೋ ಆಮ್ಲವೂ ನಿಧಾನವಾಗಿ ಬೆಸೆದು ಬಣ್ಣ ಕಪ್ಪೇರುತ್ತದೆ. ಇಷ್ಟಕ್ಕೆ ಆರು ತಿಂಗಳಾದರೂ ಬೇಕು, ಕೆಲವೊಮ್ಮೆ ವರ್ಷಗಳು. ಅವಸರದವರು ಸೋಯಾವನ್ನು ಹೈಡ್ರೋಕ್ಲೋರಿಕ್ ಆಮ್ಲದಲ್ಲಿ ಕುದಿಸಿ ಕೆಲವೇ ದಿನಗಳಲ್ಲಿ ಮುಗಿಸುತ್ತಾರೆ. ಅಮೈನೋ ಆಮ್ಲಗಳು ಬರುತ್ತವೆ. ಪರಿಮಳ ಮಾತ್ರ ಬರುವುದಿಲ್ಲ. ಆ ಪಾತ್ರೆಯಲ್ಲಿ ಯಾರೂ ಬಾಳಿರಲೇ ಇಲ್ಲ.

ಹಾಗಾದರೆ ಬಿಸಿ ಮಾಡಿದರೆ? ಉಷ್ಣತೆ 10 ಡಿಗ್ರಿ ಏರಿದರೆ ಇಂಥ ಕ್ರಿಯೆಗಳ ವೇಗ ಸ್ಥೂಲವಾಗಿ ದುಪ್ಪಟ್ಟಾಗುತ್ತದೆ. ಆ 'ಸ್ಥೂಲವಾಗಿ' ಎಂಬ ಮಾತಿನಲ್ಲಿಯೇ ಮೋಸ ಅಡಗಿದೆ. ಒಂದು ಕ್ರಿಯೆ ಎರಡು ಪಟ್ಟು ಓಡಿದರೆ ಇನ್ನೊಂದು ಮೂರು ಪಟ್ಟು ಓಡುತ್ತದೆ. 45 ಡಿಗ್ರಿಯ ಆಸುಪಾಸಿನಲ್ಲಿ ಪ್ರೋಟೀನ್ ಒಡೆಯುವ ಕಿಣ್ವಗಳು ಹುರುಪಿನಲ್ಲಿರುತ್ತವೆ, ಯೀಸ್ಟ್ ಅಷ್ಟರಲ್ಲಿ ಸೋತು ಸುಮ್ಮನಾಗಿರುತ್ತದೆ. ಮೃದಂಗದವನೊಬ್ಬನೇ ದುಗುಣಕ್ಕೆ ಹೋಗಿ, ಹಾಡುವವನು ಬಾಯಿಗೆ ಬೀಗ ಹಾಕಿಕೊಂಡಂತೆ. ಬಿಸಿಯು ಕಾಲವನ್ನು ಓಡಿಸುವುದಿಲ್ಲ, ಕೆಲವರನ್ನು ಮಾತ್ರ ಓಡಿಸುತ್ತದೆ.

ನನ್ನ ಕಾಲರಸ ಇದಕ್ಕಿಂತ ಮೇಲು ಎಂದು ನಾನು ಹಟ ಹಿಡಿಯುವುದು ಇಲ್ಲಿಯೇ. ನಿಜಕ್ಕೂ ಕಾಲವೇ ಓಡಿದರೆ ಕಿಣ್ವ, ಯೀಸ್ಟ್, ಬಣ್ಣ, ಹುಳಿ ಎಲ್ಲವೂ ಒಂದೇ ಅಳತೆಯಲ್ಲಿ ಓಡಬೇಕು. ಅಂದರೆ ಪರೀಕ್ಷೆ ಸುಲಭ. ಒಂದು ಭರಣಿಯನ್ನು ಬಿಸಿಯಲ್ಲಿಡಿ, ಇನ್ನೊಂದಕ್ಕೆ ಹನಿ ಹಾಕಿ, ಮೂರನೆಯದನ್ನು ವರ್ಷವಿಡೀ ಮೂಲೆಯಲ್ಲಿ ಬಿಡಿ. ಕಣ್ಣು ಕಟ್ಟಿ ರುಚಿ ನೋಡಿದಾಗ ಎರಡನೆಯದಕ್ಕೂ ಮೂರನೆಯದಕ್ಕೂ ವ್ಯತ್ಯಾಸ ತಿಳಿಯಬಾರದು.

[ದೃಶ್ಯ: ಕೈಯೊಂದು ಕಾಲರಸದ ಹನಿಯನ್ನು ಬಲಗಡೆಯ ಭರಣಿಯ ಮೇಲೆ ಹಿಡಿದಿದೆ. ಹನಿ ಇನ್ನೂ ಬಿದ್ದಿಲ್ಲ.]

ಒಂದು ಲೆಕ್ಕ ಬಾಕಿ ಇದೆ. ಲೀಟರ್ ಹಿಟ್ಟಿನಲ್ಲಿ ಯೀಸ್ಟ್ 20 ಗ್ರಾಂ ಆಲ್ಕೋಹಾಲ್ ಮಾಡಿತು ಎನ್ನೋಣ. ಅದರ ಜೊತೆ ಹುಟ್ಟುವ ಇಂಗಾಲದ ಡೈಆಕ್ಸೈಡ್ ಸುಮಾರು 10 ಲೀಟರ್. ತಿಂಗಳುಗಟ್ಟಲೆ ಒಂದೊಂದೇ ಗುಳ್ಳೆಯಾಗಿ ಸದ್ದಿಲ್ಲದೆ ಹೊರಹೋಗುವ ಆ ಅನಿಲ ಈಗ ಒಂದೇ ನಿಮಿಷದಲ್ಲಿ ಹೊರಬರಬೇಕು, ಅದೂ ಲೀಟರ್ ಗಾತ್ರದ ಗಾಜಿನ ಭರಣಿಯಿಂದ.

ಆದ್ದರಿಂದ ಹನಿ ಬೀಳುವ ಮುನ್ನ ಮುಚ್ಚಳ ತೆಗೆದಿಡಿ. ಅಂಗಿ ಹಳೆಯದಾಗಿದ್ದರೆ ಇನ್ನೂ ಒಳ್ಳೆಯದು.

[ದೃಶ್ಯ: ಹನಿ ಬೀಳುತ್ತದೆ. ಪರದೆ ಕಪ್ಪಾಗುತ್ತದೆ. ನೊರೆಯ ಸದ್ದು.]