ಪಿಎಸ್‌ಪಿಯೊಳಗೆ ನಾವೇ ಬರೆದ ಆಟ

ಎಲ್ಲರಿಗೂ ನಮಸ್ಕಾರ.

ಇವತ್ತು ನಾನು ಮಾತಾಡಲು ಆರಿಸಿಕೊಂಡಿರುವುದು ಅಂಗಡಿಯಲ್ಲಿ ಹೊಸದಾಗಿ ಸಿಗದ ಒಂದು ಯಂತ್ರದ ಬಗ್ಗೆ. ಕೈಯಲ್ಲಿ ಹಿಡಿದು ವಿಡಿಯೊ ಗೇಮ್ ಆಡುವ, ಸೋನಿಯವರ ಪ್ಲೇಸ್ಟೇಷನ್ ಪೋರ್ಟಬಲ್, ಎಲ್ಲರ ಬಾಯಲ್ಲಿ ಪಿಎಸ್‌ಪಿ. 2004ರ ಡಿಸೆಂಬರ್ 12ರಂದು ಜಪಾನಿನಲ್ಲಿ, ಮರುವರ್ಷ ಮಾರ್ಚ್ 24ರಂದು ಅಮೆರಿಕದಲ್ಲಿ ಮಾರಾಟಕ್ಕೆ ಬಂತು. ಹತ್ತು ವರ್ಷದ ಬಳಿಕ, 2014ರಲ್ಲಿ, ಜಪಾನಿನಲ್ಲೂ ಅದರ ಸರಬರಾಜು ನಿಂತಿತು. ಆದರೆ ಅದಕ್ಕೆ ಆಟ ಬರೆಯುವವರು ಮಾತ್ರ ಇನ್ನೂ ನಿಲ್ಲಿಸಿಲ್ಲ. ಕಂಪನಿಯ ಪರವಾನಗಿ ಬೇಡ, ಕಂಪನಿ ಕೊಡುವ ಸಲಕರಣೆ ಬೇಡ, ಮನೆಯ ಕಂಪ್ಯೂಟರ್ ಮುಂದೆ ಕೂತು ಬರೆದು ತಮ್ಮ ಕೈಯಲ್ಲಿರುವ ಯಂತ್ರದಲ್ಲಿ ಓಡಿಸುತ್ತಾರೆ. ಇಂಥವಕ್ಕೆ ಹೋಂಬ್ರೂ ಅನ್ನುವುದು ರೂಢಿ.

ಈ ವಿಷಯ ಎತ್ತಿದ ತಕ್ಷಣ ಮಾತು ಹ್ಯಾಕಿಂಗ್ ಕಡೆ ಹೊರಳುತ್ತದೆ. ಹೊರಗಿನವರ ಪ್ರೋಗ್ರಾಂ ಓಡದಂತೆ ಸೋನಿ ಹಾಕಿದ ಬೀಗವನ್ನು ಯಾರು ಮುರಿದರು, ಹೇಗೆ ಮುರಿದರು ಅಂತ. ಅದೂ ಸ್ವಾರಸ್ಯದ ಕಥೆಯೇ, ಹೇಳುತ್ತೇನೆ. ಆದರೆ ಬೀಗ ಮುರಿದವರು ಬೆರಳೆಣಿಕೆಯಷ್ಟು ಜನ. ಮುರಿದ ಮೇಲೆ ಒಳಗೆ ಹೋಗಿ ಪ್ರೋಗ್ರಾಮಿಂಗ್ ಕಲಿತವರು ಅದಕ್ಕಿಂತ ಎಷ್ಟೋ ಪಾಲು ಹೆಚ್ಚು. ಪ್ರೋಗ್ರಾಮಿಂಗ್ ಕಲಿಯಲು ಇಂಥ ಪುಟ್ಟ ಯಂತ್ರದಷ್ಟು ಒಳ್ಳೆಯ ಗುರು ಇನ್ನೊಂದಿಲ್ಲ ಎಂಬುದು ನನ್ನ ವಾದ. ಹಠ ಅಂದರೂ ಸರಿ.

ಮೊದಲು ಯಂತ್ರದ ಒಳಗೇನಿದೆ ನೋಡೋಣ. ಮೊದಲ ಮಾದರಿಯಲ್ಲಿ ಇದ್ದ ಮೆಮೊರಿ 32 ಎಂಬಿ. ಜಿಬಿ ಅಲ್ಲ, ಎಂಬಿ. ಅದರಲ್ಲಿ 8 ಎಂಬಿಯನ್ನು ಆಪರೇಟಿಂಗ್ ಸಿಸ್ಟಂ ತನಗೆಂದು ಇಟ್ಟುಕೊಳ್ಳುತ್ತದೆ, ನಮ್ಮ ಆಟಕ್ಕೆ ಉಳಿಯುವುದು 24. ಚಿತ್ರ ಬರೆಯುವ ಚಿಪ್‌ಗೆ ಪ್ರತ್ಯೇಕವಾಗಿ 2 ಎಂಬಿ. 4.3 ಇಂಚಿನ ಪರದೆ, 480 ಅಡ್ಡ, 272 ಉದ್ದದ ಪಿಕ್ಸೆಲ್‌ಗಳು. ಪ್ರೊಸೆಸರ್ ಮಿಪ್ಸ್ ಜಾತಿಯದು, 333 ಮೆಗಾಹರ್ಟ್ಸ್‌ವರೆಗೆ ಓಡಬಲ್ಲದು. ಆದರೆ ಸೋನಿಯವರು ಮೊದಮೊದಲು ಆಟದ ಕಂಪನಿಗಳಿಗೆ 222ಕ್ಕಿಂತ ಮೇಲೆ ಹೋಗಲು ಬಿಟ್ಟಿರಲಿಲ್ಲ. 2007ರಲ್ಲಿ ಆ ಮಿತಿ ಸಡಿಲಿಸಿದರು. ತಮಾಷೆ ಏನೆಂದರೆ, ಹಣ ಕೊಟ್ಟು ಪರವಾನಗಿ ಪಡೆದ ಕಂಪನಿಗಳು 222ರಲ್ಲಿ ಕಟ್ಟಿಹಾಕಿಸಿಕೊಂಡಿದ್ದ ಕಾಲದಲ್ಲೇ ಹೋಂಬ್ರೂ ಬರೆಯುವ ಹುಡುಗರು ಒಂದೇ ಸಾಲಿನ ಆದೇಶ ಕೊಟ್ಟು ಅದೇ ಯಂತ್ರವನ್ನು 333ರಲ್ಲಿ ಓಡಿಸುತ್ತಿದ್ದರು. ಬ್ಯಾಟರಿ ಬೇಗ ಇಳಿಯುತ್ತಿತ್ತು, ಅಷ್ಟೆ.

ಈಗ ಬೀಗದ ಕಥೆ. ಜಪಾನಿನಲ್ಲಿ ಬಂದ ಮೊದಲ ಪಿಎಸ್‌ಪಿಗಳ ಫರ್ಮ್‌ವೇರ್, ಅಂದರೆ ಯಂತ್ರವನ್ನು ನಡೆಸುವ ಒಳಗಿನ ತಂತ್ರಾಂಶ, 1.00. ಮೆಮೊರಿ ಸ್ಟಿಕ್ ಎಂಬ ಪುಟ್ಟ ಕಾರ್ಡ್‌ನಲ್ಲಿರುವ ಪ್ರೋಗ್ರಾಂ ಕಂಪನಿಯ ಡಿಜಿಟಲ್ ಸಹಿ, ಅಂದರೆ ಒಪ್ಪಿಗೆಯ ಗುರುತು, ಹೊತ್ತಿದೆಯೋ ಇಲ್ಲವೋ ಅಂತ ಅದು ನೋಡುತ್ತಲೇ ಇರಲಿಲ್ಲ. 2005ರ ಮೇ ಹೊತ್ತಿಗೆ ಇದು ಬಯಲಾಯಿತು. ಅಮೆರಿಕಕ್ಕೆ ಬಂದ 1.50 ಸಹಿ ಕೇಳುತ್ತಿತ್ತು. ಆದರೆ ಅದರಲ್ಲೊಂದು ಕಣ್ತಪ್ಪು. ಒಂದೇ ಹೆಸರಿನ ಎರಡು ಫೋಲ್ಡರ್ ಮಾಡಿ, ಒಂದರ ಹೆಸರಿನ ತುದಿಗೆ ಶೇಕಡಾ ಚಿಹ್ನೆ ಸೇರಿಸಿದರೆ, ಮೆನು ಒಂದನ್ನು ನೋಡಿ ತೃಪ್ತಿಪಡುತ್ತಿತ್ತು, ಓಡುತ್ತಿದ್ದದ್ದು ಇನ್ನೊಂದು. ಆ ಕಾಲದ ಮೆನುವಿನಲ್ಲಿ ಪ್ರತಿ ಹೋಂಬ್ರೂ ಆಟದ ಪಕ್ಕ 'ಹಾಳಾದ ಡೇಟಾ' ಅಂತ ಒಂದು ಅನಾಥ ಐಕಾನ್ ಕಾಣುತ್ತಿತ್ತಲ್ಲ, ಅದರ ಮೂಲ ಇದೇ.

ಆಮೇಲೆ ಹಾವು ಏಣಿ ಆಟ. ಸೋನಿ ಮುಂದಿನ ಫರ್ಮ್‌ವೇರ್‌ಗಳಲ್ಲಿ ಈ ದಾರಿ ಮುಚ್ಚಿತು. 2.00ರಲ್ಲಿ ಪರದೆಗೆ ವಾಲ್‌ಪೇಪರ್ ಹಾಕುವ ಸೌಲಭ್ಯ ಕೊಟ್ಟಿತು. ಆದರೆ ಟಿಫ್ ಎಂಬ ಬಗೆಯ ಚಿತ್ರ ಓದುವ ಕೋಡ್‌ನಲ್ಲಿ ತೂತಿತ್ತು. ಬೇಕೆಂದೇ ಕೆಡಿಸಿದ ಒಂದು ಚಿತ್ರ ತೆರೆದರೆ ಒಳಗಿನ ಪ್ರೋಗ್ರಾಂ ಓಡುತ್ತಿತ್ತು. ಅದನ್ನು ಮುಚ್ಚಿದರು. ಆಗ ಒಂದು ಪ್ರಸಿದ್ಧ ಆಟದ ಸೇವ್ ಫೈಲ್ ಮೂಲಕ ನುಗ್ಗಿದರು. ಅದನ್ನೂ ಮುಚ್ಚಿದರು. 2006ರಿಂದ ಡಾರ್ಕ್ ಅಲೆಕ್ಸ್ ಎಂಬ ಹೆಸರಿನಲ್ಲಿ ಬರೆಯುತ್ತಿದ್ದವರು ಕಸ್ಟಮ್ ಫರ್ಮ್‌ವೇರ್ ಹೊರತಂದರು. ಅಂದರೆ ಸೋನಿಯ ಫರ್ಮ್‌ವೇರನ್ನೇ ತಿದ್ದಿ, ಹೊಸ ಸೌಲಭ್ಯಗಳನ್ನು ಉಳಿಸಿಕೊಂಡು, ಸಹಿಯ ತಪಾಸಣೆಯನ್ನು ಮಾತ್ರ ಕಿತ್ತುಹಾಕಿದ್ದು. ಅಲ್ಲಿಂದ ಮುಂದೆ ಹೋಂಬ್ರೂ ಓಡಿಸುವುದು ಸರ್ಕಸ್ ಆಗಿ ಉಳಿಯಲಿಲ್ಲ.

ಇವೆಲ್ಲಕ್ಕಿಂತ ನನಗೆ ಇಷ್ಟವಾದದ್ದು 2007ರ ಪ್ಯಾಂಡೋರಾ ಬ್ಯಾಟರಿ. ಫರ್ಮ್‌ವೇರ್ ತಿದ್ದುವಾಗ ಕರೆಂಟ್ ಹೋದರೆ ಪಿಎಸ್‌ಪಿ ಬ್ರಿಕ್ ಆಗುತ್ತಿತ್ತು, ದೀಪ ಹತ್ತಿದರೂ ಪರದೆ ಏಳುತ್ತಿರಲಿಲ್ಲ. ಸೋನಿಯ ರಿಪೇರಿ ಕೇಂದ್ರಗಳು ಇಂಥ ಯಂತ್ರಗಳನ್ನು ಹೇಗೆ ಎಬ್ಬಿಸುತ್ತವೆ ಎಂಬ ಪ್ರಶ್ನೆಯ ಬೆನ್ನು ಹತ್ತಿದವರಿಗೆ ಉತ್ತರ ಸಿಕ್ಕಿದ್ದು ಬ್ಯಾಟರಿಯಲ್ಲಿ. ಪಿಎಸ್‌ಪಿ ಬ್ಯಾಟರಿಯೊಳಗೆ ಒಂದು ಸಣ್ಣ ಚಿಪ್ ಇದೆ, ಅದರಲ್ಲಿ ಕ್ರಮಸಂಖ್ಯೆ ಇರುತ್ತದೆ. ಆ ಸಂಖ್ಯೆಯ ಎಲ್ಲ ಬಿಟ್‌ಗಳೂ 1 ಆಗಿದ್ದರೆ ಯಂತ್ರ 'ಓಹೋ, ನಾನು ರಿಪೇರಿ ಮೇಜಿನ ಮೇಲಿದ್ದೇನೆ' ಅಂದುಕೊಂಡು ಫರ್ಮ್‌ವೇರ್ ಇರುವ ತನ್ನೊಳಗಿನ ಫ್ಲ್ಯಾಶ್ ಮೆಮೊರಿ ಬಿಟ್ಟು ನೇರವಾಗಿ ಮೆಮೊರಿ ಸ್ಟಿಕ್‌ನಿಂದ ಬೂಟ್ ಆಗುತ್ತದೆ. ಬ್ಯಾಟರಿ ಚಿಪ್‌ನ ಒಂದು ಕಾಲನ್ನು ಬೋರ್ಡಿನಿಂದ ಬಿಡಿಸಿದರೂ ಇದೇ ಫಲ. ಒಂದು ಬ್ಯಾಟರಿಯಿಂದ ಸತ್ತ ಯಂತ್ರಗಳೂ ಎದ್ದವು, ಯಾವ ಫರ್ಮ್‌ವೇರ್ ಇದ್ದರೂ ಬದಲಾಯಿಸುವ ದಾರಿಯೂ ತೆರೆಯಿತು. ಸೋನಿಯವರು ಮುಂದಿನ ಮದರ್‌ಬೋರ್ಡ್‌ಗಳಲ್ಲಿ ಇದನ್ನು ತಡೆದರು.

ಕೊನೆಯ ಅಂಕ ಇನ್ನೂ ವಿಚಿತ್ರ. ಟಿವಿಗೆ ಜೋಡಿಸಿ ಆಡುವ ಸೋನಿಯದೇ ಯಂತ್ರ ಪ್ಲೇಸ್ಟೇಷನ್ 3 (ಪಿಎಸ್3). ಅದರ ಸಹಿ ಹಾಕುವ ಪದ್ಧತಿಯಲ್ಲಿ ಪ್ರತಿ ಸಲವೂ ಹೊಸ ಗುಪ್ತ ಸಂಖ್ಯೆ ಬಳಸಬೇಕಿತ್ತು. ಸೋನಿ ಎಲ್ಲಕ್ಕೂ ಒಂದೇ ಸಂಖ್ಯೆ ಬಳಸಿತ್ತು. ಎರಡು ಸಹಿಗಳನ್ನು ಪಕ್ಕಪಕ್ಕ ಇಟ್ಟು ಬೀಜಗಣಿತ ಮಾಡಿದರೆ ಸಹಿ ಹಾಕಲು ಬೇಕಾದ ಗುಟ್ಟಿನ ಸಂಖ್ಯೆ, ಅಂದರೆ ಖಾಸಗಿ ಕೀಲಿಯೇ, ಹೊರಬರುತ್ತದೆ. 2010ರ ಡಿಸೆಂಬರ್‌ನಲ್ಲಿ ಬರ್ಲಿನ್‌ನ ಹ್ಯಾಕರ್ ಸಮ್ಮೇಳನದಲ್ಲಿ ಫೇಲ್‌ಓವರ್‌ಫ್ಲೋ ತಂಡ ಇದನ್ನು ವೇದಿಕೆಯ ಮೇಲೆ ವಿವರಿಸಿತು. ಪಿಎಸ್3ರೊಳಗೆ ಪಿಎಸ್‌ಪಿಯಂತೆ ನಟಿಸಿ ಅದರ ಆಟ ಓಡಿಸುವ ಪ್ರೋಗ್ರಾಂ, ಅಂದರೆ ಎಮ್ಯುಲೇಟರ್, ಇತ್ತು, ಅದರ ಬಳಿ ಪಿಎಸ್‌ಪಿಯ ಕೀಲಿಗಳೂ ಇದ್ದವು. ದೊಡ್ಡಣ್ಣನ ಬೀಗ ಬಿದ್ದಾಗ ತಮ್ಮನ ಕೀಲಿಗೊಂಚಲು ಸಿಕ್ಕಿತು. 2011ರ ಜನವರಿಯಿಂದ ನೀವು ಬರೆದ ಆಟಕ್ಕೆ ನೀವೇ ಸಹಿ ಹಾಕಿ, ಯಂತ್ರವನ್ನು ಮಾರ್ಪಡಿಸದೆಯೇ ಓಡಿಸಬಹುದಾಯಿತು. ಕೀಲಿ ಯಂತ್ರಾಂಶದಲ್ಲಿ ಅಚ್ಚಾಗಿರುವುದರಿಂದ ಈಗಾಗಲೇ ಮಾರಿದ ಪಿಎಸ್‌ಪಿಗಳಲ್ಲಿ ಅದನ್ನು ಬದಲಿಸುವುದು ಅಪ್‌ಡೇಟ್‌ನಿಂದ ಆಗುವ ಕೆಲಸವಲ್ಲ.

ನಿಮ್ಮಲ್ಲಿ ಕೆಲವರ ಮುಖದ ಮೇಲೆ ಒಂದು ಪ್ರಶ್ನೆ ಕಾಣುತ್ತಿದೆ. ಇದೆಲ್ಲ ಕದ್ದ ಆಟ ಆಡಲಿಕ್ಕೆ ಮಾಡಿದ್ದಲ್ಲವೇ? ಬಹುಪಾಲು ಜನರ ಮಟ್ಟಿಗೆ ಹೌದು, ಮುಚ್ಚಿಡುವುದರಲ್ಲಿ ಅರ್ಥವಿಲ್ಲ. ನಮ್ಮ ಊರುಗಳ ಮೊಬೈಲ್ ಅಂಗಡಿಗಳಲ್ಲಿ ಪಿಎಸ್‌ಪಿ ಕೊಟ್ಟರೆ ಕಸ್ಟಮ್ ಫರ್ಮ್‌ವೇರ್ ಹಾಕಿ, ಮೆಮೊರಿ ಸ್ಟಿಕ್ ತುಂಬ ಆಟ ತುಂಬಿಸಿ ಕೊಡುತ್ತಿದ್ದ ಕಾಲ ನಿಮ್ಮಲ್ಲಿ ಹಿರಿಯರಿಗೆ ನೆನಪಿರಬೇಕು. ಹಾಗೆ ತುಂಬಿಸಿಕೊಂಡವರಲ್ಲಿ ತಮ್ಮದೊಂದು ಸಾಲು ಕೋಡ್ ಬರೆದವರು ಎಷ್ಟು ಜನ ಇದ್ದಾರು? ಹೋಂಬ್ರೂ ಬರೆಯುವವರಲ್ಲೇ ಈ ಬಗ್ಗೆ ಜಗಳವಿತ್ತು. ಪೈರಸಿಗೆ ನೆರವಾಗುವ ಭಾಗವನ್ನು ನಾವು ಬರೆಯುವುದಿಲ್ಲ ಅಂತ ಪಟ್ಟು ಹಿಡಿದವರಿದ್ದರು. 2010ರ ಹಾಫ್ ಬೈಟ್ ಲೋಡರ್ ಅಂಥದ್ದೇ: ಹೋಂಬ್ರೂ ಓಡಿಸುತ್ತಿತ್ತು, ಆಟಗಳ ನಕಲು ಪ್ರತಿ ಓಡಿಸುತ್ತಿರಲಿಲ್ಲ.

ಕಾನೂನಿನ ಮಾತೂ ಬರಲಿ. ನಮ್ಮ ದೇಶದ ಕೃತಿಸ್ವಾಮ್ಯ ಕಾಯ್ದೆಗೆ 2012ರ ತಿದ್ದುಪಡಿಯಲ್ಲಿ 65ಎ ಎಂಬ ಕಲಂ ಸೇರಿತು. ತಾಂತ್ರಿಕ ರಕ್ಷಣೆಯನ್ನು ಮುರಿದರೆ ಎರಡು ವರ್ಷದವರೆಗೆ ಜೈಲು ಮತ್ತು ದಂಡ. ಆದರೆ ಆ ಕಲಂ ಕೃತಿಸ್ವಾಮ್ಯ ಉಲ್ಲಂಘಿಸುವ ಉದ್ದೇಶದಿಂದ ಮುರಿದವರ ಬಗ್ಗೆ ಹೇಳುತ್ತದೆ. ಕಾಯ್ದೆ ನಿಷೇಧಿಸದ ಉದ್ದೇಶಕ್ಕಾಗಿ ಮಾಡಿದ್ದಕ್ಕೆ ಅದು ಅಡ್ಡಿ ಬರುವುದಿಲ್ಲ ಅಂತಲೂ ಅಲ್ಲೇ ಬರೆದಿದೆ. ನಾನು ವಕೀಲನಲ್ಲ, ನನ್ನ ಮಾತು ನಂಬಿ ಕೋರ್ಟಿಗೆ ಹೋಗಬೇಡಿ. ಆದರೆ ಸ್ವಂತ ಯಂತ್ರದಲ್ಲಿ ಸ್ವಂತ ಆಟ ಓಡಿಸುವುದೂ, ಇನ್ನೊಬ್ಬರ ಆಟವನ್ನು ಇಳಿಸಿಕೊಂಡು ಆಡುವುದೂ ಒಂದೇ ಅಲ್ಲ ಅನ್ನುವಷ್ಟು ವಿವೇಕ ನಮ್ಮ ಕಾಯ್ದೆಗೆ ಇದೆ ಎಂಬುದು ನನಗೆ ಸಮಾಧಾನ.

ಇನ್ನು ನಿಜವಾದ ವಿಷಯ: ಆಟ ಬರೆಯುವುದು.

ಪಿಎಸ್‌ಪಿಡೆವ್ ಎಂಬ ಮುಕ್ತ ಸಲಕರಣೆ ಇದೆ. ಸಿ ಭಾಷೆಯಲ್ಲಿ ಬರೆದದ್ದನ್ನು ಯಂತ್ರದ ಭಾಷೆಗೆ ತಿರುಗಿಸುವ ಕಂಪೈಲರ್, ಬೇಕಾದ ಲೈಬ್ರರಿಗಳು, ಅಂದರೆ ಸಿದ್ಧ ಕೋಡ್‌ನ ಕಟ್ಟುಗಳು, ಎಲ್ಲ ಅದರಲ್ಲೇ. ಸೋನಿಯ ಕೋಡ್ ಬಳಸದೆ ಆಸಕ್ತರೇ ಕಟ್ಟಿದ್ದು. ಅದರಿಂದ ಕೊನೆಗೆ ಇಬೂಟ್ ಡಾಟ್ ಪಿಬಿಪಿ ಎಂಬ ಒಂದು ಫೈಲ್ ಹೊರಬರುತ್ತದೆ. ಮೆಮೊರಿ ಸ್ಟಿಕ್‌ನ ಪಿಎಸ್‌ಪಿ ಫೋಲ್ಡರಿನೊಳಗೆ ಗೇಮ್ ಫೋಲ್ಡರ್, ಅದರೊಳಗೆ ನಿಮ್ಮ ಆಟದ ಹೆಸರಿನ ಫೋಲ್ಡರ್, ಅದರಲ್ಲಿ ಈ ಫೈಲ್ ಹಾಕಿದರೆ ಮೆನುವಿನಲ್ಲಿ ನಿಮ್ಮ ಐಕಾನ್ ಕಾಣುತ್ತದೆ.

ಪರದೆ ಸೆಕೆಂಡಿಗೆ 60 ಸಲ ಬದಲಾಗುತ್ತದೆ. ಅಂದರೆ ಒಂದು ಚಿತ್ರಕ್ಕೆ 16 ಮಿಲಿಸೆಕೆಂಡ್‌ಗಿಂತ ತುಸು ಹೆಚ್ಚು. 222 ಮೆಗಾಹರ್ಟ್ಸ್ ಆದರೆ ಸುಮಾರು 37 ಲಕ್ಷ ಗಡಿಯಾರದ ಮಿಡಿತ. ಅಷ್ಟರೊಳಗೆ ಗುಂಡಿ ಒತ್ತಿದ್ದು ಓದಬೇಕು, ಪಾತ್ರಗಳನ್ನು ಸರಿಸಬೇಕು, ಡಿಕ್ಕಿ ನೋಡಬೇಕು, ಚಿತ್ರ ಬರೆಯಬೇಕು. ಲೆಕ್ಕ ಇಷ್ಟು ಬಿಗಿಯಾಗಿರುವುದೇ ಚೆಂದ. ಪಿಸಿಯಲ್ಲಿ ಆಟ ನಿಧಾನವಾದರೆ ಯಾರ ಕಂಪ್ಯೂಟರ್ ಹಳೆಯದು ಅಂತ ವಾದ ಶುರುವಾಗುತ್ತದೆ. ಇಲ್ಲಿ ಎಲ್ಲರದೂ ಒಂದೇ ಯಂತ್ರ. ನಿಧಾನವಾದರೆ ತಪ್ಪು ನಿಮ್ಮ ಕೋಡಿನದೇ.

ಹೊಸಬರನ್ನು ಕಾಡುವ ಒಂದು ತೊಂದರೆ ಹೇಳುತ್ತೇನೆ, ಇದರಲ್ಲಿ ಇಡೀ ಕಂಪ್ಯೂಟರ್ ವಿಜ್ಞಾನದ ಒಂದು ಪಾಠ ಅಡಗಿದೆ. ಆಟವನ್ನು ಮೊದಲು ಪಿಪಿಎಸ್‌ಎಸ್‌ಪಿಪಿ ಎಂಬ ಎಮ್ಯುಲೇಟರ್‌ನಲ್ಲಿ, ಅಂದರೆ ಕಂಪ್ಯೂಟರಿನಲ್ಲೇ, ಓಡಿಸಿ ನೋಡುತ್ತೀರಿ. ಚಿತ್ರ ಅಚ್ಚುಕಟ್ಟಾಗಿದೆ. ನಿಜವಾದ ಪಿಎಸ್‌ಪಿಗೆ ಹಾಕುತ್ತೀರಿ, ಪಾತ್ರದ ಮೈತುಂಬ ಸಣ್ಣ ಸಣ್ಣ ಗೀಟುಗಳು, ಅಲ್ಲಲ್ಲಿ ಕಸ. ಕೋಡ್ ಒಂದೇ, ಚಿತ್ರ ಬೇರೆ. ಕಾರಣ ಕ್ಯಾಶ್. ಪ್ರೊಸೆಸರ್ ತಾನು ಬರೆದ ಬಣ್ಣಗಳನ್ನು ಕೂಡಲೇ ಮೆಮೊರಿಗೆ ಕಳಿಸುವುದಿಲ್ಲ, ತನ್ನ ಪಕ್ಕದಲ್ಲೇ ಇರುವ ಪುಟ್ಟ ವೇಗದ ಮೆಮೊರಿಯಾದ ಕ್ಯಾಶ್‌ನಲ್ಲಿ ಇಟ್ಟುಕೊಂಡಿರುತ್ತದೆ. ಗುಮಾಸ್ತ ಜಮಾಖರ್ಚನ್ನು ಚೀಟಿಯಲ್ಲಿ ಬರೆದಿಟ್ಟು ಲೆಕ್ಕದ ಪುಸ್ತಕಕ್ಕೆ ಏರಿಸದೆ ಇದ್ದ ಹಾಗೆ. ಚಿತ್ರ ಬರೆಯುವ ಚಿಪ್ ಓದುವುದು ಪುಸ್ತಕವನ್ನು, ಚೀಟಿಯನ್ನಲ್ಲ. ಹೀಗಾಗಿ ಅದಕ್ಕೆ ಹಳೆಯ ಕಸವೇ ಕಾಣುತ್ತದೆ. ಎಮ್ಯುಲೇಟರ್ ಈ ಕ್ಯಾಶನ್ನು ಅನುಕರಿಸುವುದಿಲ್ಲ, ಅದಕ್ಕೇ ಅಲ್ಲಿ ಎಲ್ಲ ಸರಿ. ಚಿತ್ರ ಬರೆಯುವ ಮುಂಚೆ ಕ್ಯಾಶ್ ಖಾಲಿ ಮಾಡು ಅಂತ ಒಂದು ಸಾಲು ಸೇರಿಸಿದರೆ ಗೀಟುಗಳು ಮಾಯ. ಪುಸ್ತಕದಲ್ಲಿ ಕ್ಯಾಶ್ ಬಗ್ಗೆ ಓದಿ ಪರೀಕ್ಷೆ ಬರೆದ ಎಷ್ಟೋ ಜನಕ್ಕೆ ಅದು ಕಣ್ಣಿಗೆ ಕಾಣುವುದು ಇಲ್ಲೇ.

ಇನ್ನೊಂದು, ನಮಗೆ ಹತ್ತಿರದ್ದು: ಕನ್ನಡ. ಪಿಎಸ್‌ಪಿಯ ಫಾಂಟ್‌ಗಳಲ್ಲಿ ಜಪಾನಿ ಇದೆ, ಕೊರಿಯನ್ ಇದೆ, ಕನ್ನಡ ಇಲ್ಲ. ಫಾಂಟ್ ತಂದು ಹಾಕಿದರೆ ಮುಗಿಯಿತೆ? ಇಲ್ಲ. ಆಟದ ಕೊನೆಗೆ 'ಗೆದ್ದೆ' ಅಂತ ತೋರಿಸಬೇಕು ಅನ್ನಿ. ಕಂಪ್ಯೂಟರಿನಲ್ಲಿ 'ದ್ದೆ' ಎಂಬುದು ನಾಲ್ಕು ಸಂಕೇತ: ದ, ವಿರಾಮ, ಮತ್ತೊಂದು ದ, ಎತ್ವ. ಅವನ್ನು ಸಾಲಾಗಿ ಬಿಡಿಸಿದರೆ ಓದಲಾಗದು. ಎತ್ವ ಎರಡನೇ ದಕಾರದ ಬಳಿ ಬರೆದಿದ್ದರೂ ಹೋಗಿ ಕೂರುವುದು ಮೊದಲನೆಯದರ ತಲೆಯ ಮೇಲೆ, ಎರಡನೆಯದು ಒತ್ತಾಗಿ ಕೆಳಗೆ ಇಳಿಯಬೇಕು. 'ಮಾರ್ಗ' ಅಂದರೆ ಮೊದಲು ಉಚ್ಚರಿಸುವ ರಕಾರ ಅರ್ಕಾವೊತ್ತಾಗಿ ಗಕಾರದ ಆಚೆಗೆ ಹಾರುತ್ತದೆ. ಈ ನಿಯಮಗಳನ್ನೆಲ್ಲ ತಿಳಿದಿರುವ ಹಾರ್ಫ್‌ಬಝ್‌ನಂಥ ಲೈಬ್ರರಿಯನ್ನು 24 ಎಂಬಿಯೊಳಗೆ ತುರುಕಬಹುದು, ಆದರೆ ಸಣ್ಣ ಆಟಕ್ಕೆ ಅಷ್ಟು ಬೇಕಾಗಿಲ್ಲ.

ಸುಲಭದ ದಾರಿ ಹೀಗೆ. ಆಟದಲ್ಲಿ ಬರುವ ಮಾತುಗಳು ಮೊದಲೇ ಗೊತ್ತಿರುತ್ತವೆ. 'ಶುರು', 'ಮತ್ತೆ ಆಡು', 'ಗೆದ್ದೆ', 'ಸೋತೆ'. ಅವನ್ನು ಕಂಪ್ಯೂಟರಿನಲ್ಲೇ ಒಳ್ಳೆಯ ಫಾಂಟ್‌ನಲ್ಲಿ ಬರೆದು ಒಂದೇ ಚಿತ್ರವಾಗಿ ಉಳಿಸಿ. ಪಿಎಸ್‌ಪಿಯ ಟೆಕ್ಸ್‌ಚರ್, ಅಂದರೆ ಚಿಪ್‌ಗೆ ಕೊಡುವ ಇಂಥ ಚಿತ್ರ, 512ಕ್ಕೆ 512 ಪಿಕ್ಸೆಲ್ ಮೀರುವಂತಿಲ್ಲ, ಅಳತೆಗಳು 64, 128, 256 ಹೀಗೆ ಎರಡರ ಘಾತವಾಗಿರಬೇಕು. ಅಷ್ಟು ಜಾಗದಲ್ಲಿ ಪುಟ್ಟ ಆಟವೊಂದರ ಎಲ್ಲ ಮಾತೂ ಹಿಡಿಯುತ್ತದೆ. ಯಾವ ಮಾತು ಚಿತ್ರದ ಎಲ್ಲಿ ಶುರುವಾಗಿ ಎಲ್ಲಿ ಮುಗಿಯುತ್ತದೆ ಎಂಬ ಪಟ್ಟಿ ಇಟ್ಟುಕೊಂಡು ಬೇಕಾದಾಗ ಅಷ್ಟು ತುಣುಕನ್ನು ಪರದೆಗೆ ಅಂಟಿಸಿದರಾಯಿತು. ಬದಲಾಗುತ್ತಲೇ ಇರುವ ಅಂಕ ಮಾತ್ರ ಹೀಗೆ ಬರೆದಿಡಲಾಗದು. ಅದಕ್ಕೂ ನಮ್ಮ ಲಿಪಿ ಉಪಕಾರ ಮಾಡಿದೆ: ೦ಯಿಂದ ೯ರವರೆಗಿನ ಅಂಕಿಗಳಿಗೆ ಒತ್ತೂ ಇಲ್ಲ, ಗುಣಿತವೂ ಇಲ್ಲ. ಹತ್ತು ಚೌಕ ಸಾಕು.

ಚಿತ್ರಕ್ಕೆ ಮೀಸಲಾದ 2 ಎಂಬಿಯ ಲೆಕ್ಕವನ್ನೂ ಒಮ್ಮೆ ಕೈಯಾರೆ ಮಾಡಿ. ಪರದೆ 480 ಅಗಲವಾದರೂ ಮೆಮೊರಿಯಲ್ಲಿ ಪ್ರತಿ ಸಾಲಿಗೆ 512 ಜಾಗ ಬೇಕು. 512 ಗುಣಿಸು 272, ಪ್ರತಿ ಪಿಕ್ಸೆಲ್‌ಗೆ 4 ಬೈಟ್, ಒಟ್ಟು 5,57,056 ಬೈಟ್. ಒಂದು ಚಿತ್ರ ತೋರಿಸುತ್ತಿರುವಾಗ ಇನ್ನೊಂದು ಬರೆಯಬೇಕಾದ್ದರಿಂದ ಇದರ ಎರಡರಷ್ಟು. ಅರ್ಧಕ್ಕಿಂತ ಹೆಚ್ಚು ಇಲ್ಲೇ ಮುಗಿಯಿತು. 4 ಬೈಟ್ ಬದಲು 2 ಬೈಟ್ ಬಣ್ಣ ಬಳಸಿದರೆ ಉಳಿತಾಯ, ಆದರೆ ಆಕಾಶದ ನೀಲಿಯಲ್ಲಿ ಪಟ್ಟೆಗಳು ಕಾಣತೊಡಗುತ್ತವೆ. ಯಾವುದು ಬೇಕು ಅಂತ ನಿರ್ಧರಿಸಬೇಕಾದವರು ನೀವೇ. 16 ಜಿಬಿಯ ಲ್ಯಾಪ್‌ಟಾಪ್ ಮುಂದೆ ಕೂತ ವಿದ್ಯಾರ್ಥಿಗೆ ಇಂಥ ನಿರ್ಧಾರ ಎದುರಾಗುವುದೇ ಇಲ್ಲ.

ಶುರು ಮಾಡುವವರಿಗೆ ಕೆಲವು ಮಾತು. ಪಿಎಸ್‌ಪಿ ಕೊಳ್ಳಲೇಬೇಕು ಅಂತಿಲ್ಲ, ಎಮ್ಯುಲೇಟರ್‌ನಲ್ಲಿ ಹೋಂಬ್ರೂ ಚೆನ್ನಾಗಿಯೇ ಓಡುತ್ತದೆ, ಕ್ಯಾಶ್‌ನಂಥ ಕಡೆ ಮಾತ್ರ ಅದು ನಿಮ್ಮನ್ನು ಮುದ್ದು ಮಾಡಿ ಕೆಡಿಸುತ್ತದೆ. ಹಳೆಯದು ಕೊಳ್ಳುವುದಾದರೆ ಮೊದಲು ಹಿಂಬದಿಯ ಮುಚ್ಚಳ ತೆಗೆದು ಬ್ಯಾಟರಿ ನೋಡಿ. ಊದಿಕೊಂಡಿದ್ದರೆ ಚಾರ್ಜ್ ಹಾಕಬೇಡಿ, ಚುಚ್ಚಬೇಡಿ, ಇ-ತ್ಯಾಜ್ಯ ಸಂಗ್ರಹಿಸುವವರಿಗೆ ಕೊಡಿ. ಮೆಮೊರಿ ಸ್ಟಿಕ್ ಬದಲು ಮೈಕ್ರೋ ಎಸ್‌ಡಿ ಕಾರ್ಡ್ ಹಾಕಿಕೊಳ್ಳುವ ಅಡಾಪ್ಟರ್ ಸಿಗುತ್ತದೆ. 2000 ಅಥವಾ 3000 ಮಾದರಿ ಸಿಕ್ಕರೆ ಮೆಮೊರಿ 64 ಎಂಬಿ, ಆದರೂ ಹಳೆಯ 32ರಲ್ಲೇ ಓಡುವಂತೆ ಬರೆಯಿರಿ ಎಂಬುದು ನನ್ನ ಶಿಫಾರಸು. ಸೋನಿಯ ಕೊನೆಯ ಫರ್ಮ್‌ವೇರ್ 6.61. ಅದರ ಮೇಲೆ ಕೂರುವ ಆರ್ಕ್-4 ಎಂಬ ಕಸ್ಟಮ್ ಫರ್ಮ್‌ವೇರ್ ಮುಕ್ತವಾಗಿ ಲಭ್ಯವಿದೆ. ಹಾಕುವಾಗ ಬ್ಯಾಟರಿ ತುಂಬಿರಲಿ, ಚಾರ್ಜರ್ ಸಿಕ್ಕಿಸಿಯೇ ಇರಲಿ.

ಮೊದಲ ಆಟವೇ ಮೂರು ಆಯಾಮದ ಯುದ್ಧ ಆಗಬೇಕು ಅಂತ ಹೊರಡಬೇಡಿ. ಒಂದು ಚೆಂಡು, ಒಂದು ಹಲಗೆ, ಎಡಬಲಕ್ಕೆ ಸರಿಸಲು ಎರಡು ಗುಂಡಿ, ಮೇಲ್ಗಡೆ ಕನ್ನಡ ಅಂಕಿಯಲ್ಲಿ ಸ್ಕೋರು. ಈಗ ನಾನು ಲ್ಯಾಪ್‌ಟಾಪ್ ಜೋಡಿಸಿ ಅದನ್ನೇ ನಿಮ್ಮೆದುರು ಬರೆದು ತೋರಿಸುತ್ತೇನೆ. ಮುಂದಿನ ಸಾಲಿನವರು ಯಾರಾದರೂ ಬಂದು ಪಿಎಸ್‌ಪಿ ಕೈಯಲ್ಲಿ ಹಿಡಿದುಕೊಳ್ಳಿ, ಫೈಲ್ ಹಾಕಿದ ಕೂಡಲೇ ಆಡಿ ನೋಡಿ.