ಸೋಲಿಸಿದವರನ್ನೇ ಮದುವೆ ಆಗ್ತೀನಿ ಅಂದ ಹಮೀದಾ ಬಾನು

"ಕುಸ್ತಿಯಲ್ಲಿ ನನ್ನನ್ನು ಸೋಲಿಸಿ, ಸೋಲಿಸಿದವರನ್ನೇ ಮದುವೆ ಆಗ್ತೀನಿ." 1954ರ ಫೆಬ್ರವರಿಯಲ್ಲಿ ಗಂಡು ಪೈಲ್ವಾನರಿಗೆಲ್ಲ ಹಮೀದಾ ಬಾನು ಹಾಕಿದ ಸವಾಲು ಇದು. ಪಟಿಯಾಲದ ಚಾಂಪಿಯನ್ ಬಂದರು, ಸೋತರು. ಕೋಲ್ಕತ್ತದವರೂ ಅಷ್ಟೇ.

ಮೂರನೇ ಕುಸ್ತಿ ಮೇ ತಿಂಗಳಲ್ಲಿ, ಬರೋಡದಲ್ಲಿ. ಲಾರಿಗಳ ಮೇಲೆಲ್ಲ ಬ್ಯಾನರ್ ಕಟ್ಟಿ ಪ್ರಚಾರ ಮಾಡಿದ್ದರು. ಎದುರಾಳಿ ಛೋಟೆ ಗಾಮಾ, ಮಹಾರಾಜರ ಬೆಂಬಲ ಇದ್ದ ಪೈಲ್ವಾನ್. ಕೊನೇ ಗಳಿಗೆಯಲ್ಲಿ ಅವರು ಹೆಂಗಸಿನ ಜೊತೆ ಆಡಲ್ಲ ಅಂದುಬಿಟ್ಟರು. ಬದಲಿಗೆ ಬಾಬಾ ಪೈಲ್ವಾನ್ ಅಖಾಡಕ್ಕೆ ಇಳಿದರು.

[ತೆರೆ ಮೇಲೆ: 1 ನಿಮಿಷ 34 ಸೆಕೆಂಡ್]

ನಮ್ಮ ಈ ವಿಡಿಯೋಗಿಂತ ಬೇಗ ಮುಗಿದ ಕುಸ್ತಿ ಅದು. ಇದೇ ನನ್ನ ಕೊನೇ ಕುಸ್ತಿ ಅಂತ ಹೇಳಿ ಬಾಬಾ ಹೊರಟರು.

ಹಮೀದಾ ಹುಟ್ಟಿದ್ದು ಉತ್ತರ ಪ್ರದೇಶದ ಮಿರ್ಜಾಪುರದಲ್ಲಿ. ಪಳಗಿದ್ದು ಅಲಿಗಢದಲ್ಲಿ, ಸಲಾಂ ಪೈಲ್ವಾನರ ಕೈಯಲ್ಲಿ. ಎತ್ತರ 5 ಅಡಿ 3 ಇಂಚು, ತೂಕ 108 ಕಿಲೋ. ಪತ್ರಿಕೆಗಳಿಗೆ ಇವರ ಪಟ್ಟುಗಳಿಗಿಂತ ಊಟದ ಮೇಲೇ ಕಣ್ಣು ಜಾಸ್ತಿ: ದಿನಕ್ಕೆ ಐದೂವರೆ ಲೀಟರ್ ಹಾಲು, ಒಂದು ಕೋಳಿ, ಕಿಲೋ ಹತ್ತಿರ ಮಟನ್, ಆರು ಮೊಟ್ಟೆ, ಬಾದಾಮಿ, ಮೇಲೆ ಎರಡು ಪ್ಲೇಟ್ ಬಿರಿಯಾನಿ! ಸ್ವಲ್ಪ ಉಬ್ಬಿಸಿಯೇ ಬರೆದಿರಬೇಕು, ಅಲ್ವಾ? ಟಿಕೆಟ್ ಮಾರಬೇಕಲ್ಲ.

ಹಾಗಾದ್ರೆ ಕುಸ್ತಿಗಳೂ ನಾಟಕವೇ? ಆಗಲೂ ಜನ ಇದನ್ನೇ ಕೇಳಿದರು. ಒಮ್ಮೆ ಗಂಡಸನ್ನು ಸೋಲಿಸಿದ್ದಕ್ಕೆ ಕಲ್ಲು ಬಿತ್ತು, ಪೊಲೀಸರು ಬರಬೇಕಾಯಿತು. ಪುಣೆಯಲ್ಲಿ ರಾಮಚಂದ್ರ ಸಾಳುಂಕೆ ಜೊತೆ ಗೊತ್ತಾಗಿದ್ದ ಕುಸ್ತಿಗೆ ಅಲ್ಲಿನ ಕುಸ್ತಿ ಸಂಘದವರು ಅಡ್ಡಬಂದರು, ಕುಸ್ತಿ ನಡೆಯಲೇ ಇಲ್ಲ. ಕುಸ್ತಿ ನಿಷೇಧದ ಬಗ್ಗೆ ಹಮೀದಾ ದೂರು ಕೊಟ್ಟಾಗ ಆಗಿನ ಬಾಂಬೆ ರಾಜ್ಯದ ಮುಖ್ಯಮಂತ್ರಿ ಮೊರಾರ್ಜಿ ದೇಸಾಯಿ ಕೊಟ್ಟ ಉತ್ತರ: ಹೆಂಗಸು ಅಂತ ಅಲ್ಲ, ಸಂಘಟಕರು ಡಮ್ಮಿ ಪೈಲ್ವಾನರನ್ನು ಎದುರು ನಿಲ್ಲಿಸ್ತಾರೆ ಅಂತ ದೂರುಗಳಿವೆ. ಕೆಲವು ಕುಸ್ತಿ ಮೊದಲೇ ಮಾತಾಡಿಕೊಂಡು ಆಡಿದ್ದೇ ಇರಬಹುದು, ನಾನು ಇಲ್ಲ ಅನ್ನಲ್ಲ. ಆದರೆ ದುಡ್ಡಿಗೆ ಆಡೋ ಕುಸ್ತಿಯಲ್ಲಿ ಸ್ವಲ್ಪ ಆಟ, ಸ್ವಲ್ಪ ನಾಟಕ ಯಾವಾಗಲೂ ಇದ್ದದ್ದೇ. ಗಂಡಸರು ಗೆದ್ದಾಗ ಯಾರೂ ಕಲ್ಲು ಎತ್ತಿಕೊಂಡು ಸಾಕ್ಷಿ ಕೇಳಲಿಲ್ಲ.

ಅದೇ 1954ರಲ್ಲಿ ಮುಂಬೈಯಲ್ಲಿ ರಷ್ಯಾದ 'ಹೆಣ್ಣು ಕರಡಿ' ವೆರಾ ಚಿಸ್ಟಿಲಿನ್ ಅವರನ್ನು ಒಂದು ನಿಮಿಷದೊಳಗೆ ಸೋಲಿಸಿ, ಯುರೋಪಿಗೆ ಹೋಗ್ತೀನಿ ಅಂತ ಹಮೀದಾ ಘೋಷಿಸಿದರು. ಹೋಗಲಿಲ್ಲ. ಮನೆಯವರು ಹೇಳೋ ಪ್ರಕಾರ, ಅವರನ್ನು ತಡೆಯೋಕೆ ಸಲಾಂ ದೊಣ್ಣೆಯಲ್ಲಿ ಹೊಡೆದು ಕೈ ಮುರಿದರು.

ಆಮೇಲೆ ಮುಂಬೈ ಪಕ್ಕದ ಕಲ್ಯಾಣದಲ್ಲೇ ಉಳಿದರು. ಹಾಲು ಮಾರಿದರು, ಕಟ್ಟಡ ಬಾಡಿಗೆಗೆ ಕೊಟ್ಟರು, ದುಡ್ಡು ಕಮ್ಮಿಯಾದಾಗ ರಸ್ತೆ ಬದಿ ತಿಂಡಿ ಮಾರಿದರು. 1986ರಲ್ಲಿ ತೀರಿಕೊಂಡರು. 2024ರ ಮೇ 4ರಂದು ಗೂಗಲ್ ಡೂಡಲ್ ಹಾಕಿದ ಮೇಲೆ ನಮ್ಮಲ್ಲಿ ಎಷ್ಟೋ ಜನ ಈ ಹೆಸರು ಮೊದಲ ಸಲ ಕೇಳಿದ್ದು.

ನಿಮ್ಮ ಊರಿನ ಗರಡಿ ಮನೆಯ ಹಿರಿಯರು ಯಾರಾದರೂ ಹೆಂಗಸರ ಕುಸ್ತಿ ನೋಡಿದ್ದಾರಾ? ವಿಚಾರಿಸಿ, ಕೆಳಗೆ ಬರೆಯಿರಿ. ಒಳ್ಳೇ ಕಥೆ ಸಿಕ್ಕಿದ್ರೆ ಮುಂದಿನ ವಿಡಿಯೋ ಅದರ ಮೇಲೇ ಮಾಡೋಣ.