ಅಜ್ಜನ ಕೆಮ್ಮಿಗೆ ಕತ್ತರಿ ಹಾಕುವುದಿಲ್ಲ

ನಮಸ್ಕಾರ. ನಮ್ಮ ಈ ಪಾಡ್‌ಕಾಸ್ಟಿನ ಕಳೆದ ಸಂಚಿಕೆಯಲ್ಲಿ ರೈಲ್ವೆಯ ನಿವೃತ್ತ ಗ್ಯಾಂಗ್‌ಮನ್ ಒಬ್ಬರು ನಲವತ್ತು ನಿಮಿಷ ಮಾತನಾಡಿದ್ದರು. ಅದರ ಕೆಳಗೆ ಒಬ್ಬ ಮಹನೀಯರು ಬರೆದಿದ್ದಾರೆ: 'ಅಜ್ಜ ಬಹಳ ಕೆಮ್ಮುತ್ತಾರೆ. ನೀವೇ ಸಾರಾಂಶ ಹೇಳಿದ್ದರೆ ಹತ್ತು ನಿಮಿಷದಲ್ಲಿ ಮುಗಿಯುತ್ತಿತ್ತು.' ಸ್ವಾಮಿ, ಹಳಿಯ ಕೀಲು ಬಿಗಿಯಾಗಿದ್ದರೆ ಸುತ್ತಿಗೆ 'ಟಣ್' ಎನ್ನುತ್ತದೆ, ಸಡಿಲವಾಗಿದ್ದರೆ 'ಟಪ್' ಎನ್ನುತ್ತದೆ ಎಂದು ಅಜ್ಜ ಬಾಯಲ್ಲೇ ಬಾರಿಸಿ ತೋರಿಸಿದರಲ್ಲ, ಅದರ ಸಾರಾಂಶ ಮಾಡಿ ನೋಡೋಣ!

ದುಡಿದವರ ಕಥೆಯನ್ನು ದುಡಿದವರ ಬಾಯಿಂದಲೇ ಕೇಳಬೇಕು. ಇದು ನನ್ನ ಹಟವಷ್ಟೇ ಅಲ್ಲ. ಚಾರ್ಲ್ಸ್ ಪಾರ್ಕರ್ ಎಂಬುವರಿದ್ದರು. ಯುದ್ಧಕಾಲದಲ್ಲಿ ಜಲಾಂತರ್ಗಾಮಿಯಲ್ಲಿದ್ದು, ಕೇಂಬ್ರಿಜ್‌ನಲ್ಲಿ ಇತಿಹಾಸ ಓದಿ, ಬರ್ಮಿಂಗ್‌ಹ್ಯಾಮ್‌ನ ಬಿಬಿಸಿಯಲ್ಲಿ ನಿರ್ಮಾಪಕರಾದವರು. ಕಾರ್ಮಿಕನನ್ನು ಮಾತನಾಡಿಸುವುದು, ಬರೆದುಕೊಳ್ಳುವುದು, ಆಮೇಲೆ ನಟನಿಂದ ಓದಿಸುವುದು ಆಗಿನ ರೇಡಿಯೋ ವಾಡಿಕೆ. ಧೂಳು ಕುಡಿದ ಗಂಟಲು ಒಬ್ಬನದು, ಕೇಳಿಸುವ ಗಂಟಲು ಇನ್ನೊಬ್ಬನದು!

1957ರ ಫೆಬ್ರವರಿಯಲ್ಲಿ ಇಂಗ್ಲೆಂಡಿನ ಡರ್ಬಿಶೈರ್‌ನಲ್ಲಿ ಗೂಡ್ಸ್ ರೈಲೊಂದರ ಬ್ರೇಕಿನ ಉಗಿ ಕೊಳವೆ ಒಡೆಯಿತು. ಚಾಲಕ ಜಾನ್ ಆಕ್ಸನ್ ಸಹಾಯಕನನ್ನು ಕೆಳಗಿಳಿಸಿದರು. ತಾವು ಮಾತ್ರ ಕುದಿಯುವ ಉಗಿಯಲ್ಲೂ ಎಂಜಿನ್ ಬಿಡದೆ, ಇಳಿಜಾರಿನ ಕೆಳಗೆ ಇನ್ನೊಂದು ರೈಲಿಗೆ ಡಿಕ್ಕಿಯಾಗಿ ಸತ್ತರು. ಪಾರ್ಕರ್ ಮತ್ತು ಗಾಯಕ ಯುವನ್ ಮಕಾಲ್ ಹೋಗಿ ಆಕ್ಸನ್ ಅವರ ಸಹೋದ್ಯೋಗಿಗಳನ್ನೂ ಹೆಂಡತಿಯನ್ನೂ ಮಾತನಾಡಿಸಿದರು. ಟೇಪು ಕೇಳಿದ ಮೇಲೆ ನಟರನ್ನು ಕರೆಯಲು ಮಕಾಲ್‌ಗೆ ಮನಸ್ಸೇ ಬರಲಿಲ್ಲ. 1958ರಲ್ಲಿ ಆ ಧ್ವನಿಗಳೇ ಹಾಡಿನೊಡನೆ ಪ್ರಸಾರವಾದವು. ನಿರೂಪಕನೇ ಇಲ್ಲ! ನನ್ನಂಥವರ ಹೊಟ್ಟೆಪಾಡಿಗೆ ಕುತ್ತು, ಇರಲಿ.

ಇಂಥ 'ರೇಡಿಯೋ ಬ್ಯಾಲಡ್'ಗಳು ಒಟ್ಟು ಎಂಟು ಬಂದವು. ಹೆದ್ದಾರಿ ಕಟ್ಟಿದವರ ಕುರಿತ ಎರಡನೆಯದರಲ್ಲಿ ಎಂಜಿನಿಯರುಗಳ ತಾಂತ್ರಿಕ ವಿವರಣೆ ಹೆಚ್ಚಾಗಿ, ಮಾಡಿದವರಿಗೇ ಅದು ಹಿಡಿಸಲಿಲ್ಲ. ನೋಡಿದಿರಾ? ವಿವರಿಸುವವನು ಬಂದ, ಕಥೆ ಕೆಟ್ಟಿತು. ಮೂರನೆಯದರಲ್ಲಿ ನಾರ್ಫಕ್‌ನ ಮುದಿ ಮೀನುಗಾರ ಸ್ಯಾಮ್ ಲಾರ್ನರ್ ತಾವೇ ಮಾತನಾಡಿದರು. ಅದಕ್ಕೆ 1960ರ ಪ್ರಿ ಇಟಾಲಿಯಾ ಎಂಬ ಅಂತರರಾಷ್ಟ್ರೀಯ ಪ್ರಸಾರ ಪ್ರಶಸ್ತಿ ಬಂತು. ಅಲ್ಲಿನ ತೀರ್ಪುಗಾರರಿಗೆ ಬಸ್ಸಿಗೆ ಹೊತ್ತಾಗಿರಲಿಲ್ಲವೆಂದು ಕಾಣುತ್ತದೆ.

'ಹಾಡು ಬರೆದದ್ದು ಮಕಾಲ್ ತಾನೆ, ಕಾರ್ಮಿಕರಲ್ಲವಲ್ಲ' ಎಂದು ಪಂಡಿತರೊಬ್ಬರು ಕೇಳಬಹುದು. ಕೇಳಲಿ. ಮದುವೆಗೆ ವಾಲಗದವರು ಬಂದರೆ ಮದುಮಗ ಬದಲಾಗುತ್ತಾನೆಯೇ? 'ಗಂಟೆಗಟ್ಟಲೆ ಟೇಪು, ತಿಂಗಳುಗಟ್ಟಲೆ ಸಂಕಲನ, ಖರ್ಚು ಯಾರು ಕೊಡುತ್ತಾರೆ?' ಅದು ಲೆಕ್ಕಿಗರ ಪ್ರಶ್ನೆ, ಲೆಕ್ಕಿಗರನ್ನೇ ಕೇಳಿ. 1972ರಲ್ಲಿ ಬಿಬಿಸಿ ಪಾರ್ಕರ್ ಅವರನ್ನು ಮನೆಗೆ ಕಳಿಸಿತು. ನನ್ನನ್ನು ಕಳಿಸುವವರಿಲ್ಲ, ಏಕೆಂದರೆ ನಾನು ಮನೆಯಲ್ಲೇ ಇದ್ದೇನೆ. ಈ ಸ್ಟುಡಿಯೋ ನಮ್ಮ ಅಡುಗೆಮನೆಯ ಪಕ್ಕದ ಉಗ್ರಾಣ. ಕುಕ್ಕರ್ ಕೂಗಿದರೆ ಕ್ಷಮಿಸಿ, ಚಂದಾದಾರರಾಗಿ.

ಆದ್ದರಿಂದ ಮಹನೀಯರೇ, ದುಡಿದವರ ಮಾತು ದುಡಿದವರ ಬಾಯಿಂದಲೇ! ಏಕೆ ಎಂದರೆ... ಏಕೆ ಎಂದು ಇನ್ನೆಷ್ಟು ಸಲ ಹೇಳಲಿ? ಅಜ್ಜ ಕೆಮ್ಮುತ್ತಾರೆ. ಕೆಮ್ಮಲಿ! ನೀವು ನಲವತ್ತು ವರ್ಷ ಬಿಸಿಲಿನಲ್ಲಿ ಹಳಿ ಬಡಿದು ಬನ್ನಿ, ನಿಮ್ಮ ಕೆಮ್ಮನ್ನೂ ಪೂರ್ತಿ ಹಾಕುತ್ತೇನೆ. ಮುಂದಿನ ವಾರ ಎರಡನೆಯ ಭಾಗ, ಐವತ್ತು ನಿಮಿಷ. ಅಜ್ಜ ಸುತ್ತಿಗೆ ತರುತ್ತೇನೆ ಎಂದಿದ್ದಾರೆ.